ಕುದುರೆಮುಖ ಶಿಖರದ ಚಾರಣ: ಹುಲ್ಲು, ಶೋಲಾ ಕಾಡು ಮತ್ತು ನೀರನ್ನು ಅರಿತು ನಡೆಯುವ ಕ್ರಮ

ಕಳಸದಿಂದ ಕುದುರೆಮುಖ ಪಟ್ಟಣದ ಕಡೆಗೆ ಹೋಗುವ ರಸ್ತೆಯಲ್ಲಿ ಸಂಸೆ ಎಂಬ ಊರಿದೆ. ಅದರ ಸಮೀಪದ ಬಾಳೆಗಲ್‌ನಲ್ಲಿ ಒಳಕ್ಕೆ ತಿರುಗಿ, ಜೀಪು ಮಾತ್ರ ಏರಬಲ್ಲ ಕಲ್ಲುಮಣ್ಣಿನ ದಾರಿಯಲ್ಲಿ ಸಾಗಿದರೆ ಮುಳ್ಳೋಡಿ ಸಿಗುತ್ತದೆ. ಕುದುರೆಮುಖ ಶಿಖರಕ್ಕೆ ಹೋಗುವ ಕಾಲುದಾರಿ ಆರಂಭವಾಗುವುದು ಇಲ್ಲಿಂದ. ಶಿಖರದ ಎತ್ತರ ಸಮುದ್ರಮಟ್ಟದಿಂದ ಸುಮಾರು 1,894 ಮೀಟರ್. ಹೋಗಿ ಬರುವ ನಡಿಗೆ ಸುಮಾರು 18ರಿಂದ 20 ಕಿಲೋಮೀಟರ್. ಹಗ್ಗ ಹಿಡಿದು ಏರಬೇಕಾದ ಬಂಡೆ ಈ ದಾರಿಯಲ್ಲಿ ಎಲ್ಲಿಯೂ ಇಲ್ಲದಿರುವುದರಿಂದ ಇದನ್ನು ಸುಲಭದ ಚಾರಣವೆಂದು ಎಣಿಸಿ ಬರುವವರು ಬಹಳ. ನಡಿಗೆಯ ರೂಢಿ ಇರುವವರಿಗೂ ಇಲ್ಲಿ ಇಡೀ ಹಗಲು ಬೇಕಾಗುತ್ತದೆ, ಮತ್ತು ಆ ಹಗಲು ಹೇಗೆ ಕಳೆಯುತ್ತದೆ ಎಂಬುದನ್ನು ನಿರ್ಧರಿಸುವುದು ಕಾಲಿನ ಬಲಕ್ಕಿಂತ ಹೆಚ್ಚಾಗಿ ಮಳೆ, ಮಂಜು ಮತ್ತು ಹಳ್ಳಗಳ ನೀರು.

ಬೇಗ ಹೊರಡಿ, ಸಾಲಾಗಿ ನಡೆಯಿರಿ, ದಾರಿ ಬಿಡಬೇಡಿ, ಬೆಂಕಿ ಹಚ್ಚಬೇಡಿ, ಸಂಜೆಯೊಳಗೆ ಇಳಿಯಿರಿ ಎಂಬ ಸೂಚನೆಗಳನ್ನು ಅರಣ್ಯ ಇಲಾಖೆಯ ತನಿಖಾ ಠಾಣೆಯಲ್ಲಿ ಎಲ್ಲರೂ ಕೇಳಿಸಿಕೊಳ್ಳುತ್ತಾರೆ. ಇವೆಲ್ಲಕ್ಕೂ ಕಾರಣ ಈ ಬೆಟ್ಟ ನೀರನ್ನು ಹಿಡಿದಿಟ್ಟುಕೊಳ್ಳುವ ಬಗೆಯಲ್ಲೇ ಇದೆ. ಅದನ್ನು ಒಮ್ಮೆ ಅರ್ಥ ಮಾಡಿಕೊಂಡವರಿಗೆ ನಿಯಮಗಳನ್ನು ಯಾರೂ ನೆನಪಿಸಬೇಕಾಗಿಲ್ಲ. ಆದ್ದರಿಂದ ಈ ಬರಹದಲ್ಲಿ ಸಾಮಾನು ಸರಂಜಾಮಿಗಿಂತ ಬೆಟ್ಟದ ಸ್ವಭಾವಕ್ಕೆ ಹೆಚ್ಚು ಜಾಗ ಕೊಟ್ಟಿದ್ದೇನೆ.

ಅನುಮತಿ, ಋತು ಮತ್ತು ಪ್ರಯಾಣ

ಕುದುರೆಮುಖ 1987ರಲ್ಲಿ ರಾಷ್ಟ್ರೀಯ ಉದ್ಯಾನವೆಂದು ಘೋಷಿತವಾಯಿತು. ಸುಮಾರು 600 ಚದರ ಕಿಲೋಮೀಟರ್ ವಿಸ್ತಾರದ ಈ ಅರಣ್ಯ ಚಿಕ್ಕಮಗಳೂರು, ಉಡುಪಿ, ದಕ್ಷಿಣ ಕನ್ನಡ ಜಿಲ್ಲೆಗಳಲ್ಲಿ ಹಬ್ಬಿದೆ. 2012ರಲ್ಲಿ ಪಶ್ಚಿಮ ಘಟ್ಟದ 39 ತಾಣಗಳನ್ನು ಯುನೆಸ್ಕೋ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿದಾಗ ಅವುಗಳಲ್ಲಿ ಇದೂ ಒಂದಾಗಿತ್ತು. ರಾಷ್ಟ್ರೀಯ ಉದ್ಯಾನದೊಳಗೆ ಅನುಮತಿಯಿಲ್ಲದೆ ಕಾಲಿಡುವುದು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ಅಪರಾಧ. 2024ರ ಜನವರಿಯಲ್ಲಿ ಕುಮಾರ ಪರ್ವತಕ್ಕೆ ಒಂದೇ ವಾರಾಂತ್ಯದಲ್ಲಿ ಅಪಾರ ಜನ ನುಗ್ಗಿದ ಬಳಿಕ ರಾಜ್ಯದ ಚಾರಣಗಳಿಗೆ ಆನ್‌ಲೈನ್ ಕಾಯ್ದಿರಿಸುವಿಕೆ ಕಡ್ಡಾಯವಾಯಿತು. ಅರಣ್ಯ ಇಲಾಖೆಯ ‘ಅರಣ್ಯ ವಿಹಾರ’ ಜಾಲತಾಣದಲ್ಲಿ ಹೆಸರು ಮತ್ತು ಗುರುತಿನ ಚೀಟಿಯ ವಿವರ ನೀಡಿ ಮುಂಚಿತವಾಗಿ ಟಿಕೆಟ್ ಪಡೆಯಬೇಕು. ದಿನಕ್ಕೆ ಇಷ್ಟೇ ಜನ ಎಂಬ ಮಿತಿ ಇರುವುದರಿಂದ ಶನಿವಾರ, ಭಾನುವಾರದ ಟಿಕೆಟ್‌ಗಳು ಬೇಗ ಮುಗಿಯುತ್ತವೆ. ಸಾಧ್ಯವಿದ್ದವರು ವಾರದ ನಡುವಿನ ದಿನ ಬರುವುದು ಒಳ್ಳೆಯದು. ಜನ ಕಡಿಮೆ ಇರುವ ದಿನ ಪ್ರಾಣಿಗಳು ಕಾಣುವ ಸಾಧ್ಯತೆಯೂ ಹೆಚ್ಚು. ಕಾಡಿನೊಳಗೆ ಡೇರೆ ಹಾಕಿ ರಾತ್ರಿ ತಂಗುವುದಕ್ಕೆ ಅವಕಾಶವಿಲ್ಲ. ಸ್ಥಳೀಯ ಮಾರ್ಗದರ್ಶಕರನ್ನು ಜೊತೆಗೆ ಕರೆದುಕೊಂಡೇ ಹೋಗಬೇಕು.

ಮೊದಲ ಬಾರಿ ಬರುವವರಿಗೆ ಅಕ್ಟೋಬರ್‌ನಿಂದ ಡಿಸೆಂಬರ್ ಆರಂಭದವರೆಗಿನ ಕಾಲ ಸೂಕ್ತ. ಆಗ ಹಳ್ಳಗಳಲ್ಲಿ ನೀರಿರುತ್ತದೆ, ಹುಲ್ಲು ಹಸಿರಾಗಿರುತ್ತದೆ, ಬೆಳಗಿನ ಹೊತ್ತು ದೂರದ ಬೆಟ್ಟಸಾಲು ಸ್ಪಷ್ಟವಾಗಿ ಕಾಣುತ್ತದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗಿನ ಮಳೆಗಾಲದಲ್ಲಿ ಬೆಟ್ಟ ಅತ್ಯಂತ ಜೀವಂತವಾಗಿರುವುದು ನಿಜವಾದರೂ, ಮಳೆಯಲ್ಲಿ ಆರೆಂಟು ಗಂಟೆ ನಡೆದು ರೂಢಿಯಿಲ್ಲದವರು ಆ ಕಾಲವನ್ನು ಆರಿಸಿಕೊಳ್ಳಬಾರದು. ಬೇಸಿಗೆಯಲ್ಲಿ ಒಣಹುಲ್ಲಿಗೆ ಬೆಂಕಿ ತಗಲುವ ಭಯವಿರುವುದರಿಂದ ಇಲಾಖೆಯು ಸಾಮಾನ್ಯವಾಗಿ ಚಾರಣವನ್ನು ನಿಲ್ಲಿಸುತ್ತದೆ.

ಬೆಂಗಳೂರಿನಿಂದ ಕಳಸಕ್ಕೆ ರಾತ್ರಿ ಬಸ್ಸುಗಳಿವೆ. ಮಂಗಳೂರು, ಉಡುಪಿಯ ಕಡೆಯಿಂದ ಬರುವವರು ಕಾರ್ಕಳ, ಬಜಗೋಳಿ, ಎಸ್‌.ಕೆ. ಬಾರ್ಡರ್ ಮೂಲಕ ಬರುತ್ತಾರೆ. ಈ ರಸ್ತೆ ಉದ್ಯಾನದ ನಡುವೆಯೇ ಹಾದುಹೋಗುವುದರಿಂದ ಮಧ್ಯದಲ್ಲಿ ವಾಹನ ನಿಲ್ಲಿಸಿ ಊಟ ಮಾಡುವುದಾಗಲಿ, ಫೋಟೋ ತೆಗೆಯುತ್ತ ನಿಲ್ಲುವುದಾಗಲಿ ಸಲ್ಲದು. ಸಂಸೆ, ಬಾಳೆಗಲ್, ಮುಳ್ಳೋಡಿಯ ಸುತ್ತ ಹೋಂಸ್ಟೇಗಳಿವೆ. ಹಿಂದಿನ ಸಂಜೆಯೇ ತಲುಪಿ ಉಳಿದುಕೊಳ್ಳುವುದು ಉತ್ತಮ, ಏಕೆಂದರೆ ರಾತ್ರಿಯಿಡೀ ಬಸ್ಸಿನಲ್ಲಿ ಕುಳಿತು ಬಂದು ಅದೇ ಬೆಳಿಗ್ಗೆ ನಡೆಯಲು ಹೊರಟವರು ಮಧ್ಯಾಹ್ನದ ಇಳಿಜಾರಿನಲ್ಲಿ ಎಡವುವುದು ಸಾಮಾನ್ಯ.

ಬೆಟ್ಟದ ಮೈಯನ್ನು ಓದುವುದು

ಮುಳ್ಳೋಡಿಯಿಂದ ಹೊರಟ ದಾರಿ ಮೊದಲು ಕಾಡು ಮತ್ತು ಹಳ್ಳಗಳನ್ನು ದಾಟುತ್ತದೆ, ಬಳಿಕ ಒಂಟಿಮರ ಎಂದು ಕರೆಯುವ ಗುರುತಿನ ಜಾಗದ ಹೊತ್ತಿಗೆ ಬಯಲಿಗೆ ಬರುತ್ತದೆ. ಅಲ್ಲಿ ನಿಂತು ನೋಡಿದರೆ ಎದುರಿನ ಬೆಟ್ಟಗಳ ಏಣುಗಳೆಲ್ಲ ಹುಲ್ಲು, ಎರಡು ಏಣುಗಳು ಕೂಡುವ ಮಡಿಕೆಗಳೆಲ್ಲ ದಟ್ಟ ಕಾಡು. ಆ ಕಾಡಿನ ಅಂಚು ಯಾರೋ ಗೆರೆ ಎಳೆದು ಕತ್ತರಿಸಿದಷ್ಟು ಖಚಿತವಾಗಿದೆ. ಮಡಿಕೆಗಳಲ್ಲಿರುವುದು ಶೋಲಾ ಕಾಡು. ಗಾಳಿಯ ಹೊಡೆತವಿಲ್ಲದ, ಮಣ್ಣು ಆಳವಾಗಿರುವ, ತೇವ ಆರದ ಜಾಗದಲ್ಲಿ ಮಾತ್ರ ಅದು ಬೆಳೆಯುತ್ತದೆ. ತೆರೆದ ಏಣಿನಲ್ಲಿ ಮಣ್ಣು ತೆಳು, ಗಾಳಿ ಜೋರು. ಅಲ್ಲಿ ನಿಲ್ಲಬಲ್ಲದ್ದು ಹುಲ್ಲು.

ಈ ಹುಲ್ಲುಗಾವಲನ್ನು ಕಾಡು ಕಡಿದು ಉಳಿದ ಬೋಳು ಗುಡ್ಡ ಎಂದು ತಿಳಿಯುವುದು ಹಳೆಯ ತಪ್ಪು ಕಲ್ಪನೆ. ನೀಲಗಿರಿಯ ಜೌಗಿನಲ್ಲಿ ಪದರ ಪದರವಾಗಿ ಕೂತಿರುವ ಕೊಳೆತ ಸಸ್ಯದ ಮಣ್ಣನ್ನು ಪರೀಕ್ಷಿಸಿದ ವಿಜ್ಞಾನಿಗಳು, ಘಟ್ಟದ ಮೇಲಿನ ಇಂಥ ಹುಲ್ಲುಗಾವಲುಗಳು ಇಪ್ಪತ್ತು ಸಾವಿರ ವರ್ಷಗಳ ಹಿಂದೆಯೂ ಇದ್ದವೆಂದು ತೋರಿಸಿದ್ದಾರೆ. ಬರಿದಾಗಿದೆ ಎಂಬ ತಿಳಿವಳಿಕೆಯಿಂದಲೇ ಘಟ್ಟದ ಎಷ್ಟೋ ಹುಲ್ಲುಗಾವಲುಗಳಲ್ಲಿ ಅಕೇಶಿಯಾದಂತಹ ಹೊರಗಿನ ಮರಗಳನ್ನು ನೆಡಲಾಯಿತು. ಹುಲ್ಲಿನ ಜಾಗಕ್ಕೆ ಮರ ಬಂದರೆ ಕಾಡು ಹೆಚ್ಚಿತು ಎಂದು ಹೇಳುವುದು ಸುಲಭ. ಆದರೆ ಅಲ್ಲಿ ಮೇಯುತ್ತಿದ್ದ ಕಡವೆ, ಕಾಟಿಗಳಿಗೆ ಮತ್ತು ನೆಲದಲ್ಲಿ ಗೂಡು ಕಟ್ಟುವ ಹಕ್ಕಿಗಳಿಗೆ ಅದು ನಷ್ಟ.

ನೀರಿನ ಕಥೆ ಇಲ್ಲಿಂದ ಮುಂದಕ್ಕೆ ಹೋಗುತ್ತದೆ. ಅರಬ್ಬಿ ಸಮುದ್ರದ ಮೇಲಿಂದ ಬರುವ ಮುಂಗಾರು ಗಾಳಿಗೆ ಕರಾವಳಿ ದಾಟಿದ ಕೂಡಲೇ ಎದುರಾಗುವುದು ಈ ಗೋಡೆ. ಗಾಳಿ ಮೇಲೇರಿ ತಂಪಾಗಿ ಸುರಿಸುವ ಮಳೆ ವರ್ಷಕ್ಕೆ ಸುಮಾರು 7,000 ಮಿಲಿಮೀಟರ್. ನಾಲ್ಕು ತಿಂಗಳಲ್ಲಿ ಬೀಳುವ ಅಷ್ಟು ನೀರು ನೇರ ಹರಿದು ಹೋಗಿದ್ದರೆ ಬೇಸಿಗೆಯಲ್ಲಿ ಹಳ್ಳಗಳೆಲ್ಲ ಬತ್ತಬೇಕಿತ್ತು. ಹುಲ್ಲಿನ ಬೇರುಗಳ ಹೆಣಿಗೆ ಮತ್ತು ಶೋಲಾದ ನೆಲದಲ್ಲಿ ಶತಮಾನಗಳಿಂದ ಸೇರಿದ ಎಲೆಗೊಬ್ಬರ ಆ ನೀರನ್ನು ಹೀರಿಕೊಂಡು, ನೆನೆದ ಕಂಬಳಿಯಿಂದ ಹನಿ ಇಳಿಯುವಂತೆ ತಿಂಗಳುಗಟ್ಟಲೆ ನಿಧಾನವಾಗಿ ಬಿಟ್ಟುಕೊಡುತ್ತವೆ. ಇದೇ ಉದ್ಯಾನದ ಗಂಗಾಮೂಲದ ಪರಿಸರದಲ್ಲಿ ತುಂಗಾ, ಭದ್ರಾ, ನೇತ್ರಾವತಿ ಮೂರೂ ನದಿಗಳು ಹುಟ್ಟುತ್ತವೆ. ಶಿವಮೊಗ್ಗ, ಭದ್ರಾವತಿಗಳ ಮನೆಯ ನಲ್ಲಿಗೂ ಮಂಗಳೂರಿನ ನಲ್ಲಿಗೂ ಬರುವ ನೀರಿನ ಮೂಲ ಈ ಮಣ್ಣಿನ ಪದರ.

ಆ ಪದರ ಕದಡಿದರೆ ಏನಾಗುತ್ತದೆ ಎಂಬುದು ಈ ಸೀಮೆಯವರಿಗೆ ಅನುಭವದಿಂದ ಗೊತ್ತು. 1976ರಲ್ಲಿ ಕುದುರೆಮುಖ ಕಬ್ಬಿಣ ಅದಿರು ಕಂಪನಿ ಸ್ಥಾಪನೆಯಾಗಿ ಇಲ್ಲಿ ಗಣಿಗಾರಿಕೆ ನಡೆಯಿತು. ಅದಿರು ತೆಗೆದು ಉಳಿದ ಹೂಳನ್ನು ಹಿಡಿದಿಡಲು ಲಕ್ಯಾ ಅಣೆಕಟ್ಟು ಕಟ್ಟಲಾಯಿತು. ಭದ್ರೆಯಲ್ಲಿ ಹೂಳು ಹರಿಯುತ್ತದೆ ಎಂದು ಪರಿಸರಾಸಕ್ತರು ದೀರ್ಘ ಹೋರಾಟ ನಡೆಸಿದರು. 2002ರಲ್ಲಿ ಸುಪ್ರೀಂ ಕೋರ್ಟ್ ನೀಡಿದ ಆದೇಶದಂತೆ 2005ರ ಕೊನೆಗೆ ಗಣಿಗಾರಿಕೆ ನಿಂತಿತು. ಇಂದು ನಾವು ನಡೆಯುವ ದಾರಿ ಉಳಿದಿರುವುದರಲ್ಲಿ ಆ ಹೋರಾಟದ ಪಾಲಿದೆ.

ದಾರಿಯ ಮೇಲೆ ಕಾಲಿಡುವ ರೀತಿ

ಹುಲ್ಲಿನ ಇಳಿಜಾರಿನಲ್ಲಿ ಒಂದೆಡೆ ನಿಂತು ಕಾಲುದಾರಿಯನ್ನೇ ಗಮನಿಸಿ. ಒಬ್ಬರ ಹಿಂದೆ ಒಬ್ಬರು ನಡೆಯುವಷ್ಟು ಅಗಲವಿದ್ದ ದಾರಿ ಕೆಲವೆಡೆ ಮೊಣಕಾಲುದ್ದದ ಕೊರಕಲಾಗಿದೆ. ಅದರ ಬದಿಯಲ್ಲಿ ಹುಲ್ಲಿನ ಬೇರು ಒಂದು ಗೇಣಿನಷ್ಟು ಕಪ್ಪುಮಣ್ಣನ್ನು ಬಿಗಿಯಾಗಿ ಹಿಡಿದಿರುವುದು ಕಾಣುತ್ತದೆ. ಅದರ ಕೆಳಗೆ ಕೆಂಪು ಮಣ್ಣು, ಸಣ್ಣ ಜಲ್ಲಿ, ಬೆರಳು ಸೋಕಿದರೆ ಉದುರುವಷ್ಟು ಸಡಿಲ. ಮೇಲಿನ ಗೇಣು ಹರಿದ ಕೂಡಲೇ ಮಳೆಯ ನೀರು ಆ ಗೆರೆಯನ್ನು ಕಾಲುವೆ ಮಾಡಿಕೊಳ್ಳುತ್ತದೆ. ಕೊರಕಲಿನಲ್ಲಿ ಕೆಸರಿದೆಯೆಂದು ಚಾರಣಿಗರು ಪಕ್ಕದ ಹುಲ್ಲಿನ ಮೇಲೆ ನಡೆಯುತ್ತಾರೆ. ಒಂದೆರಡು ಮಳೆಗಾಲದಲ್ಲಿ ಅಲ್ಲಿ ಎರಡನೆಯ ಕೊರಕಲು ಮೂಡುತ್ತದೆ, ಬಳಿಕ ಮೂರನೆಯದು. ಹೀಗೆ ಹೋದ ಮಣ್ಣು ಕೆಳಗಿನ ಹಳ್ಳ ಸೇರುತ್ತದೆ, ಮತ್ತೆ ಮೇಲಕ್ಕೆ ಬರುವುದಿಲ್ಲ.

ಆದ್ದರಿಂದ ಕೆಸರಿರಲಿ, ನೀರಿರಲಿ, ಇರುವ ದಾರಿಯ ನಡುವೆಯೇ ನಡೆಯಬೇಕು. ಶೂ ನೆನೆಯುವುದನ್ನು ಮನೆಯಿಂದ ಹೊರಡುವಾಗಲೇ ಒಪ್ಪಿಕೊಂಡು ಬಂದರೆ ಇದು ಕಷ್ಟವೆನಿಸುವುದಿಲ್ಲ. ದಾರಿ ತಿರುವು ತಿರುವಾಗಿ ಏರುವಲ್ಲಿ ಇಳಿಯುವಾಗ ನೇರ ಅಡ್ಡಹಾಯಬಾರದು. ಎದುರಿನಿಂದ ಏರಿ ಬರುವವರಿಗೆ ದಾರಿ ಕೊಡಲು ಕಲ್ಲಿನ ಮೇಲೆ ನಿಲ್ಲಬೇಕು, ಹುಲ್ಲಿನ ಮೇಲಲ್ಲ. ಕಡಿದಾದ ಇಳಿಜಾರಿನಲ್ಲಿ ಕಾಲನ್ನು ಚಿಕ್ಕ ಹೆಜ್ಜೆಯಾಗಿ, ಇಡೀ ಪಾದ ಊರುವಂತೆ ಇಟ್ಟರೆ ಜಾರುವುದೂ ಕಡಿಮೆ, ಮಣ್ಣು ಕೆದರುವುದೂ ಕಡಿಮೆ.

ಮಳೆಗಾಲ ಮುಗಿಯುವ ಹೊತ್ತಿಗೆ ದಾರಿಬದಿಯ ಒದ್ದೆ ಬಂಡೆಗಳ ಮುಂದೆ ಮಂಡಿಯೂರಿ ನೋಡಿದರೆ ಕೈಬೆರಳಿನ ಉಗುರಿಗಿಂತ ದೊಡ್ಡದಿಲ್ಲದ ಕೆಂಪು ಎಲೆಗಳು ಕಾಣಬಹುದು. ಎಲೆಯ ಪ್ರತಿ ಕೂದಲಿನ ತುದಿಯಲ್ಲೂ ಇಬ್ಬನಿಯಂತೆ ಹೊಳೆಯುವ ಅಂಟಿನ ಹನಿ ಇರುತ್ತದೆ. ಇದು ಡ್ರೋಸೆರಾ, ಕೀಟ ಹಿಡಿದು ಬದುಕುವ ಗಿಡ. ಬಂಡೆಯ ಮೇಲೆ ಗೊಬ್ಬರದ ಸಾರವಿಲ್ಲದ ಕಾರಣ ಅದು ತನಗೆ ಬೇಕಾದ ಸಾರಜನಕವನ್ನು ಸೊಳ್ಳೆ, ನೊಣಗಳಿಂದ ಪಡೆಯುತ್ತದೆ. ಅದರ ಪಕ್ಕದಲ್ಲೇ ನೀಲಿ ನೇರಳೆ ಬಣ್ಣದ ಯುಟ್ರಿಕ್ಯುಲೇರಿಯಾ ಹೂಗಳು, ಕರ್ಣಕುಂಡಲದ ಜಾತಿಯ ಪುಟ್ಟ ಹೂಗಳು ಇರುತ್ತವೆ. ವಿಶ್ರಾಂತಿಗೆಂದು ಎಲ್ಲರೂ ಕುಳಿತುಕೊಳ್ಳುವುದು ಇಂಥ ಬಂಡೆಗಳ ಮೇಲೆಯೇ. ಕುಳಿತುಕೊಳ್ಳುವ ಮುನ್ನ ಒಣಗಿದ ಬರಿಯ ಕಲ್ಲನ್ನು ಹುಡುಕಿಕೊಳ್ಳಿ.

ಹಗಲಿನ ಲೆಕ್ಕ

ಬೆಳಿಗ್ಗೆ ಪ್ರವೇಶ ತೆರೆದ ಕೂಡಲೇ ಹೊರಡಿ. ಏರಲು ನಾಲ್ಕರಿಂದ ಐದು ಗಂಟೆ, ಇಳಿಯಲು ಮೂರರಿಂದ ನಾಲ್ಕು ಗಂಟೆ ಎಂದು ಎಣಿಸಿಕೊಂಡು, ಮಧ್ಯಾಹ್ನ ಒಂದು ಗಂಟೆಗೆ ಎಲ್ಲಿದ್ದರೆ ಅಲ್ಲಿಂದ ಹಿಂದಿರುಗುವುದೆಂದು ತಂಡದಲ್ಲಿ ಮೊದಲೇ ಮಾತಾಡಿಕೊಳ್ಳಬೇಕು. ಶಿಖರ ಅರ್ಧ ಗಂಟೆಯಷ್ಟೇ ದೂರವಿದ್ದಾಗ ಈ ಮಾತನ್ನು ಪಾಲಿಸುವುದು ಕಷ್ಟ, ಆದರೆ ಇದು ಬೇಕಾಗುವುದು ಅಂಥ ಗಳಿಗೆಗೇ. ಮಳೆಯಿಲ್ಲದ ದಿನಗಳಲ್ಲೂ ಮಧ್ಯಾಹ್ನದ ಬಳಿಕ ಬೆಳ್ತಂಗಡಿಯ ಕಣಿವೆಯ ಕಡೆಯಿಂದ ಮೋಡ ಮೇಲೇರಿ ಬಂದು ನೋಡನೋಡುತ್ತಿದ್ದಂತೆ ಏಣನ್ನು ಮುಚ್ಚುತ್ತದೆ. ಅಕ್ಟೋಬರ್, ನವೆಂಬರ್‌ನಲ್ಲಿ ಆ ಮೋಡದ ಜೊತೆ ಗುಡುಗು ಸಿಡಿಲೂ ಬರುತ್ತವೆ. ಗುಡುಗು ಕೇಳಿದ ಕೂಡಲೇ ತೆರೆದ ಏಣು ಬಿಟ್ಟು ಕೆಳಗಿಳಿಯಬೇಕು. ಒಂಟಿ ಮರದ ಅಡಿ ನಿಲ್ಲಬಾರದು.

ಮಂಜು ಕವಿದಾಗ ಹುಲ್ಲುಗಾವಲಿನಲ್ಲಿ ದಾರಿ ತಪ್ಪುವುದು ಸುಲಭ, ಏಕೆಂದರೆ ಕಾಟಿ, ಕಡವೆಗಳು ತುಳಿದ ಜಾಡೂ ಮನುಷ್ಯರ ಕಾಲುದಾರಿಯಂತೆಯೇ ಕಾಣುತ್ತದೆ. ತಂಡದ ಮೊದಲಿಗರಿಗೂ ಕೊನೆಯವರಿಗೂ ಪರಸ್ಪರ ಕಾಣಿಸುವಷ್ಟೇ ಅಂತರವಿರಲಿ. ತಪ್ಪಿದೆ ಎಂದು ಅನುಮಾನ ಬಂದರೆ ನಿಂತು, ಸಿಳ್ಳೆ ಊದಿ, ಮಂಜು ಸರಿಯುವವರೆಗೆ ಕಾಯಬೇಕು. ಹಳ್ಳದ ಜೊತೆ ಕೆಳಗಿಳಿದರೆ ಊರು ಸಿಗುತ್ತದೆ ಎಂಬ ಬಯಲುಸೀಮೆಯ ಲೆಕ್ಕ ಇಲ್ಲಿ ಅಪಾಯಕಾರಿ: ಪಶ್ಚಿಮಕ್ಕೆ ಹರಿಯುವ ತೊರೆಗಳು ನೂರಾರು ಅಡಿ ಆಳಕ್ಕೆ ಧುಮುಕುತ್ತವೆ. ಮೊಬೈಲ್ ಸಂಪರ್ಕವನ್ನು ನಂಬಿಕೊಳ್ಳುವಂತಿಲ್ಲ.

ಹಳ್ಳ ದಾಟುವ ವಿಷಯದಲ್ಲಿಯೂ ಆತುರ ಸಲ್ಲದು. ಬೆಳಿಗ್ಗೆ ಪಾದ ಮುಳುಗದಷ್ಟು ನೀರಿದ್ದ ಹಳ್ಳ ಮೇಲೆ ಜೋರು ಮಳೆಯಾದ ಬಳಿಕ ಸಂಜೆಗೆ ತೊಡೆಯೆತ್ತರ ಏರಬಹುದು. ನೀರು ಮೊಣಕಾಲು ಮೀರಿದ್ದರೆ, ಬಣ್ಣ ಕೆಂಪಾಗಿದ್ದರೆ, ಅಥವಾ ಕಸಕಡ್ಡಿ ತೇಲಿ ಬರುತ್ತಿದ್ದರೆ ದಾಟಬೇಡಿ. ಚಿಕ್ಕ ಹಳ್ಳಗಳು ಬೇಗ ಏರಿದಂತೆ ಬೇಗ ಇಳಿಯುತ್ತವೆಯಾದ್ದರಿಂದ ಮಳೆ ನಿಂತ ಒಂದೆರಡು ಗಂಟೆಯಲ್ಲಿ ದಾಟಲು ಸಾಧ್ಯವಾಗುವುದು ಸಾಮಾನ್ಯ. ದಾಟುವಾಗ ಚೀಲದ ಸೊಂಟದ ಪಟ್ಟಿ ಬಿಚ್ಚಿ, ಮುಖವನ್ನು ನೀರು ಬರುವ ದಿಕ್ಕಿಗೆ ಮಾಡಿ, ಕೋಲೂರಿ ಅಡ್ಡಡ್ಡ ಹೆಜ್ಜೆ ಇಡಬೇಕು.

ಚೀಲದಲ್ಲಿ ಏನಿರಬೇಕು

ಹೆಚ್ಚು ಬೇಡ. ಹಿಡಿತವಿರುವ ಅಡಿಯ ಶೂ, ಮಳೆಯ ಕೋಟು, ಎರಡರಿಂದ ಮೂರು ಲೀಟರ್ ನೀರು, ಮಧ್ಯಾಹ್ನದ ಬುತ್ತಿ, ಬೆಲ್ಲ ಮತ್ತು ಹುರಿದ ನೆಲಗಡಲೆ, ಓಆರ್‌ಎಸ್ ಪೊಟ್ಟಣ, ಗಾಯದ ಬಟ್ಟೆ, ತಲೆದೀಪ, ಸಿಳ್ಳೆ, ಗುರುತಿನ ಚೀಟಿ. ಚೀಲದ ಒಳಗೆ ದಪ್ಪ ಪ್ಲಾಸ್ಟಿಕ್ ಹೊದಿಕೆ ಹಾಕಿ ಅದರೊಳಗೆ ಒಣಬಟ್ಟೆ ಇಟ್ಟುಕೊಳ್ಳಿ. ಜೀನ್ಸ್ ನೆನೆದರೆ ಭಾರವಾಗುತ್ತದೆ, ಬೇಗ ಆರುವುದಿಲ್ಲ. ತೆಳು ಬಟ್ಟೆಯ ಉದ್ದ ಪ್ಯಾಂಟು ಸಾಕು. ಬುತ್ತಿಯನ್ನು ಸ್ಟೀಲ್ ಡಬ್ಬಿಯಲ್ಲಿ ಅಥವಾ ಬಾಳೆಎಲೆಯಲ್ಲಿ ಕಟ್ಟಿಸಿಕೊಂಡರೆ ಮರಳಿ ಹೊರಬೇಕಾದ ಕಸ ಕಡಿಮೆಯಾಗುತ್ತದೆ. ಕಿತ್ತಳೆ ಸಿಪ್ಪೆ, ಮೊಟ್ಟೆಯ ಚಿಪ್ಪು ಕೊಳೆಯುತ್ತವೆ ಎಂದು ಎಸೆದು ಬರುವವರಿದ್ದಾರೆ. ಅವು ಕೊಳೆಯುವ ಮೊದಲು ಕೋತಿಗಳಿಗೆ ಚಾರಣಿಗರ ಚೀಲದ ರುಚಿ ಕಲಿಸುತ್ತವೆ, ಆದ್ದರಿಂದ ಅವೂ ಮರಳಿ ಬರಬೇಕು.

ಮಳೆಗಾಲದಲ್ಲಿ ಇಂಬಳಗಳು ಹತ್ತುತ್ತವೆ. ಹೊಗೆಸೊಪ್ಪು ನೆನೆಸಿದ ನೀರಿನಲ್ಲಿ ಅದ್ದಿ ಒಣಗಿಸಿದ ಉದ್ದದ ಕಾಲುಚೀಲ, ಅಥವಾ ಕೊಬ್ಬರಿ ಎಣ್ಣೆಯಲ್ಲಿ ಕಲಸಿದ ಸುಣ್ಣ ಮಲೆನಾಡಿನವರು ಬಳಸುವ ಉಪಾಯಗಳು. ಕಚ್ಚಿದ ಇಂಬಳವನ್ನು ಕಿತ್ತೆಳೆಯದೆ, ಉಗುರಿನಿಂದ ಚರ್ಮಕ್ಕೆ ಒತ್ತಿ ಸರಿಸಿ ಬಿಡಿಸಬೇಕು. ಅದರ ಜೊಲ್ಲಿನಲ್ಲಿ ರಕ್ತ ಹೆಪ್ಪುಗಟ್ಟದಂತೆ ಮಾಡುವ ಅಂಶವಿರುವುದರಿಂದ ಸ್ವಲ್ಪ ಹೊತ್ತು ರಕ್ತ ಸೋರುತ್ತದೆ. ತೊಳೆದು ಒತ್ತಿ ಹಿಡಿದರೆ ನಿಲ್ಲುತ್ತದೆ, ಹೆದರಬೇಕಾಗಿಲ್ಲ.

ಕಾಡಿನವರು

ಶೋಲಾದ ಒಳಗೆ ಹೋದಾಗ ಮಾತು ನಿಲ್ಲಿಸಿದರೆ ಹಳ್ಳದ ನೆರಳಿನಲ್ಲಿ ಮನುಷ್ಯನೇ ಸಿಳ್ಳೆ ಹಾಕಿದಂತೆ ಕೂಗುವ ಮಲಬಾರ್ ವಿಸ್ಲಿಂಗ್ ಥ್ರಶ್ ಕೇಳಿಸುತ್ತದೆ. ಮರದ ತುದಿಗಳಿಗೆ ತಾಗುವಷ್ಟು ತಗ್ಗಿನಲ್ಲಿ ತೇಲುವ ಕಪ್ಪು ಹದ್ದು ಬೇರೆ ಹಕ್ಕಿಗಳ ಗೂಡು ಹುಡುಕುತ್ತಿರುತ್ತದೆ. ಈ ಉದ್ಯಾನದ ಹೆಸರಾಂತ ನಿವಾಸಿ ಸಿಂಗಳೀಕ. ಅದು ಕೆಳಗಿನ ನಿತ್ಯಹರಿದ್ವರ್ಣ ಕಾಡಿನ ಮೇಲ್ಛಾವಣಿ ಬಿಟ್ಟು ಇಳಿಯುವುದು ಅಪರೂಪವಾದ್ದರಿಂದ ಶಿಖರದ ದಾರಿಯಲ್ಲಿ ಅದನ್ನು ನಿರೀಕ್ಷಿಸಬಾರದು. ಹುಲ್ಲಿನ ಮೇಲೆ ಕಾಟಿಗಳ ಗುಂಪು ಕಂಡರೆ ನಿಲ್ಲಿ, ಗಾಳಿ ನಿಮ್ಮಿಂದ ಅವುಗಳ ಕಡೆಗೆ ಬೀಸುತ್ತಿದ್ದರೆ ಅವೇ ಸರಿದು ಹೋಗುತ್ತವೆ. ಕರುವಿದ್ದರೆ ಇನ್ನಷ್ಟು ದೂರವಿರಬೇಕು. ಫೋಟೋಗಾಗಿ ಎರಡು ಹೆಜ್ಜೆ ಮುಂದೆ ಹೋಗುವವರನ್ನು ತಂಡದವರೇ ತಡೆಯಬೇಕು.

ಮಳೆಗಾಲದಲ್ಲಿ ಮಲಬಾರ್ ಗುಳಿಮಂಡಲ ಹಾವು ಪೊದೆಯ ಮೇಲೆ, ಬಂಡೆಯ ಮೇಲೆ ಗಂಟೆಗಟ್ಟಲೆ ಅಲುಗಾಡದೆ ಇರುತ್ತದೆ. ಹಸಿರು, ಕಂದು, ಹಳದಿ ಹೀಗೆ ಹಲವು ಬಣ್ಣಗಳಲ್ಲಿರುವ ಅದನ್ನು ಗುರುತಿಸುವುದು ಕಷ್ಟವಾದ್ದರಿಂದ ಆಸರೆಗೆ ಕೈ ಚಾಚುವ ಮೊದಲು ಆ ಜಾಗವನ್ನು ಕಣ್ಣಾರೆ ನೋಡಿ. ಭಾರತದಲ್ಲಿ ದೊರೆಯುವ ವಿಷನಿರೋಧಕ ಔಷಧಿ ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲಗಳ ವಿಷಕ್ಕೆ ತಯಾರಾದದ್ದು, ಗುಳಿಮಂಡಲಕ್ಕೆ ಅಲ್ಲ. ಯಾವ ಹಾವು ಕಚ್ಚಿದರೂ ಬಿಗಿಯಾಗಿ ಕಟ್ಟುವುದು, ಕೊಯ್ಯುವುದು, ಹೀರುವುದು ಮಾಡದೆ, ಉಂಗುರ ಬಳೆ ತೆಗೆದು, ಆ ಅಂಗ ಅಲುಗಾಡದಂತೆ ಇರಿಸಿ, ರೋಗಿಯನ್ನು ಹೊತ್ತುಕೊಂಡು ಆದಷ್ಟು ಬೇಗ ಆಸ್ಪತ್ರೆಗೆ ತಲುಪಿಸಬೇಕು.

ಇಳಿದು ಬಂದ ಮೇಲೆ

ಮಲೆನಾಡಿನ ಕಾಡಿಗೆ ಹೋಗಿ ಬರುವವರು ಹಾವಿಗಿಂತಲೂ ಹೆಚ್ಚು ಗಮನ ಕೊಡಬೇಕಾದದ್ದು ಉಣುಗಿಗೆ. 1957ರಲ್ಲಿ ಶಿವಮೊಗ್ಗ ಜಿಲ್ಲೆ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಪತ್ತೆಯಾದ ಮಂಗನ ಕಾಯಿಲೆ ಉಣುಗಿನ ಕಡಿತದಿಂದ ಹರಡುತ್ತದೆ, ಚಿಕ್ಕಮಗಳೂರು ಜಿಲ್ಲೆಯಲ್ಲೂ ಕಾಣಿಸಿಕೊಂಡಿದೆ. ಮಳೆ ನಿಂತ ಬಳಿಕ, ನವೆಂಬರ್‌ನಿಂದ ಮೇವರೆಗೆ, ಎಳೆಯ ಉಣುಗುಗಳು ಹೆಚ್ಚಾಗಿರುತ್ತವೆ. ಅವು ಎಳ್ಳಿನ ಕಾಳಿಗಿಂತ ಚಿಕ್ಕವಾಗಿದ್ದು ಬರಿಗಣ್ಣಿಗೆ ಸುಲಭವಾಗಿ ಕಾಣುವುದಿಲ್ಲ. ಒಣ ಎಲೆಗಳ ಮೇಲೆ ಕೂರಬಾರದು, ಪ್ಯಾಂಟಿನ ಅಂಚನ್ನು ಕಾಲುಚೀಲದೊಳಗೆ ತೂರಿಸಿಕೊಳ್ಳಬೇಕು, ಕೈಕಾಲಿಗೆ ಉಣುಗು ದೂರವಿಡುವ ತೈಲ ಹಚ್ಚಿಕೊಳ್ಳಬೇಕು. ಸತ್ತ ಮಂಗ ಕಂಡರೆ ಹತ್ತಿರ ಹೋಗದೆ ಮಾರ್ಗದರ್ಶಕರಿಗೆ ತಿಳಿಸಿ. ಅವರು ಅರಣ್ಯ ಮತ್ತು ಆರೋಗ್ಯ ಇಲಾಖೆಗೆ ಸುದ್ದಿ ಮುಟ್ಟಿಸುತ್ತಾರೆ.

ಹೋಂಸ್ಟೇಗೆ ಮರಳಿದ ಕೂಡಲೇ ಬಟ್ಟೆಗಳನ್ನು ಬಿಸಿನೀರಿನಲ್ಲಿ ನೆನೆಹಾಕಿ, ಸೋಪು ಹಚ್ಚಿ ಸ್ನಾನ ಮಾಡಿ, ಕಂಕುಳು, ಮೊಣಕಾಲಿನ ಹಿಂಭಾಗ, ಕಿವಿಯ ಹಿಂದೆ, ಸೊಂಟಪಟ್ಟಿಯ ಜಾಗಗಳನ್ನು ಬೆಳಕಿನಲ್ಲಿ ಪರೀಕ್ಷಿಸಿ. ಅಂಟಿಕೊಂಡ ಉಣುಗನ್ನು ಚಿಮುಟದಿಂದ ಚರ್ಮಕ್ಕೆ ಆದಷ್ಟು ಹತ್ತಿರ ಹಿಡಿದು ನೇರವಾಗಿ ಎಳೆಯಬೇಕು. ಕಡಿತವಾದ ಮೂರರಿಂದ ಎಂಟು ದಿನಗಳಲ್ಲಿ ಸಾಮಾನ್ಯವಾಗಿ ಕಾಯಿಲೆಯ ಲಕ್ಷಣ ಕಾಣಿಸಿಕೊಳ್ಳುತ್ತದೆ. ಊರಿಗೆ ಮರಳಿದ ಮುಂದಿನ ಎರಡು ವಾರಗಳಲ್ಲಿ ಇದ್ದಕ್ಕಿದ್ದಂತೆ ತೀವ್ರ ಜ್ವರ, ತಲೆನೋವು, ಮೈಕೈ ನೋವು ಬಂದರೆ ಅದನ್ನು ನಡಿಗೆಯ ಆಯಾಸವೆಂದು ಬಿಡದೆ, ವೈದ್ಯರ ಬಳಿ ಹೋಗಿ ಮಲೆನಾಡಿನ ಕಾಡಿನಲ್ಲಿ ನಡೆದು ಬಂದದ್ದನ್ನು ದಿನಾಂಕದ ಸಮೇತ ಮೊದಲ ಮಾತಿನಲ್ಲೇ ಹೇಳಿ.